ಮಧ್ಯರಾತ್ರಿಯ ಊಟಕ್ಕೆ ಕಾದಿರುವ ಮೀನು
ಜಪಾನೀಯರ ‘ನಂಬಾನ್‌ಜುಕೆ’ಯನ್ನು ನಮ್ಮ ಬೂತಾಯಿಯಲ್ಲಿ ಮಾಡುವ ಬಗೆ

ಹೋಟೆಲಿನಲ್ಲಿ ದುಡಿಯುವವನ ರಾತ್ರಿಯೂಟದ ಹೊತ್ತನ್ನು ನಿಶ್ಚಯಿಸುವವನು ಕೊನೆಯ ಗಿರಾಕಿ. ಆತನು ಕೈತೊಳೆದು, ಬಿಲ್ಲು ತೆತ್ತು, ಬಾಗಿಲು ದಾಟಿದ ಮೇಲೆ ಮೇಜುಗಳನ್ನು ಒರಸಬೇಕು, ಪಾತ್ರೆಗಳನ್ನು ತಿಕ್ಕಬೇಕು, ಒಲೆಯನ್ನಾರಿಸಿ ಗಲ್ಲಾದ ಲೆಕ್ಕ ಮುಗಿಸಬೇಕು. ಅಷ್ಟು ಹೊತ್ತಿಗೆ ಗಂಟೆ ಹನ್ನೆರಡಾಗಿರುತ್ತದೆ. ಬಳಿಕ ತಟ್ಟೆಗೆ ಬರುವುದು ಆರಿದ ಅನ್ನ, ಬೆಳಗಿನಿಂದ ಮೂರು ಬಾರಿ ಕಾಸಿದ ಸಾಂಬಾರು. ಹಗಲೆಲ್ಲ ನೂರಾರು ಜನರಿಗೆ ಬಿಸಿಬಿಸಿಯಾಗಿ ಬಡಿಸಿದ ಕೈ, ತನಗೆ ಮಾತ್ರ ತಣಿದುಹೋದುದನ್ನೇ ಬಡಿಸಿಕೊಳ್ಳುತ್ತದೆ. ನಮ್ಮ ವಾಚಕರಲ್ಲಿ ಬಹುಮಂದಿಗೆ ಇದನ್ನು ವಿವರಿಸಿ ಹೇಳುವ ಅಗತ್ಯವಿಲ್ಲ. ಕಚೇರಿಯ ಗುಮಾಸ್ತರ ಪಾಡೂ ಇದಕ್ಕಿಂತ ಬಹಳ ಬೇರೆಯದಲ್ಲ. ಡೊಂಬಿವಲಿಗೋ ವಿರಾರಿಗೋ ಹೋಗುವ ಗಾಡಿಯಲ್ಲಿ ನಿಂತುಕೊಂಡೇ ಪಯಣಿಸಿ, ಕೋಣೆಯ ಬೀಗ ತೆಗೆಯುವಾಗ ಒಲೆ ಹೊತ್ತಿಸುವ ತ್ರಾಣ ಯಾರಲ್ಲಿ ಉಳಿದಿರುತ್ತದೆ?

ತಣ್ಣಗಿರುವಾಗಲೇ ಹೆಚ್ಚು ರುಚಿಸುವ ಅಡುಗೆಯೊಂದಿದ್ದರೆ ಇಂಥವರಿಗೆ ಎಷ್ಟು ಉಪಕಾರವಾದೀತು! ಅಂಥ ಅಡುಗೆಯೊಂದು ಇದೆ. ಅದು ಜಪಾನ್ ದೇಶದ್ದು. ಅದರ ಹೆಸರು ‘ನಂಬಾನ್‌ಜುಕೆ’. ಮೀನನ್ನು ಕರಿದು, ಹುಳಿ-ಸಿಹಿ-ಖಾರ ಬೆರೆತ ರಸದಲ್ಲಿ ನೆನೆಯಿಟ್ಟು, ಕೆಲವು ಗಂಟೆಗಳ ತರುವಾಯ ತಿನ್ನುವ ಪದಾರ್ಥವದು. ಅದನ್ನು ನಮ್ಮ ಬೂತಾಯಿ, ಬಂಗುಡೆಗಳಲ್ಲಿ, ನಮ್ಮ ಬೆಲ್ಲ, ನಮ್ಮ ಬ್ಯಾಡಗಿ ಮೆಣಸು ಹಾಕಿ ಮಾಡಿಕೊಳ್ಳುವ ಕ್ರಮವನ್ನು ಇಲ್ಲಿ ಬರೆಯುತ್ತಿದ್ದೇನೆ. ಜಪಾನೀಯರ ಅಡುಗೆಯೆಂದೊಡನೆ ಹಸಿಮೀನಿನ ನೆನಪಾಗಿ ಮುಖ ಸಿಂಡರಿಸುವವರಿದ್ದಾರೆ. ಇದರಲ್ಲಿ ಹಸಿಯಾದುದು ಮೇಲೆ ಬೀಳುವ ತರಕಾರಿಯ ಹೊರತು ಬೇರೇನೂ ಇಲ್ಲ.

ಈ ಅಡುಗೆಯನ್ನು ನಾನು ಯಾವ ಪುಸ್ತಕದಿಂದಲೂ ಕಲಿತವನಲ್ಲ. ನನ್ನ ಹೋಟೆಲಿನಲ್ಲಿ ದುಡಿಯುತ್ತಿದ್ದ ಅಡುಗೆಯವರೊಬ್ಬರಿಂದ ಕಲಿತೆ. ಕಲಿತ ಬಗೆ ನನಗೆ ಗೌರವ ತರುವಂಥದಲ್ಲ. ಆದರೂ ಹೇಳಿಬಿಡುತ್ತೇನೆ.

ಒಂದು ಬಾಟಲಿಯ ಕಥೆ

ಎಸ್ಸೆಸ್ಸೆಲ್ಸಿ ಮುಗಿಸಿ ಮುಂಬಯಿಗೆ ಬಂದು, ಗಲ್ಲಾದ ಬಳಿ ಕುಳಿತುಕೊಳ್ಳುವ ಯೋಗ್ಯತೆ ಬರುವವರೆಗೆ ಎಲ್ಲರಂತೆ ನಾನೂ ಮೇಜು ಒರಸಿದವನೇ. ಮುಂದೆ ಸ್ವಂತದ್ದೆಂದು ಒಂದು ಸಣ್ಣ ಹೋಟೆಲಾಯಿತು. ಅಲ್ಲಿ ಮೀನೂಟವೂ ಇತ್ತು. ಮಲ್ಪೆಯ ಕಡೆಯ ಅಡುಗೆಯವರೊಬ್ಬರು ಕೆಲಸಕ್ಕೆ ಸೇರಿದರು. ವಯಸ್ಸಿನಲ್ಲಿ ನನಗಿಂತ ಹತ್ತು ವರ್ಷ ಹಿರಿಯರು, ಮಿತಭಾಷಿ. ಹಿಂದೆ ದೊಡ್ಡ ಹೋಟೆಲೊಂದರ ಜಪಾನೀ ಅಡುಗೆಮನೆಯಲ್ಲಿ ಆರು ವರ್ಷ ಕೈಯಾಳಾಗಿದ್ದರೆಂದು ಕೇಳಿದ್ದೆ. ನಮ್ಮ ಹೋಟೆಲಿನಲ್ಲಿ ಆ ವಿದ್ಯೆಗೆ ಏನು ಕೆಲಸ? ಬಂಗುಡೆ ಫ್ರೈ, ಸಿಗಡಿ ಮಸಾಲೆ ಮಾಡಿಕೊಂಡಿದ್ದರು.

ಕೆಲವು ತಿಂಗಳುಗಳಾದ ಮೇಲೆ ಒಂದು ಸಂಗತಿ ನನ್ನ ಕಣ್ಣಿಗೆ ಬಿತ್ತು. ಮಧ್ಯಾಹ್ನ ಮೂರೂವರೆಗೆ ಅಡುಗೆಮನೆ ಮುಚ್ಚಿದ ಮೇಲೆ ಉಳಿದವರು ಮಾಳಿಗೆಯಲ್ಲಿ ಅಡ್ಡಾಗುತ್ತಿದ್ದರೆ, ಇವರೊಬ್ಬರು ಅರ್ಧ ಗಂಟೆ ಒಲೆಯ ಮುಂದೆ ನಿಲ್ಲುತ್ತಿದ್ದರು. ಬಳಿಕ ಒಂದು ಸ್ಟೀಲಿನ ಡಬ್ಬಿಯನ್ನು ಮಾಲು ಇಡುವ ಫ್ರಿಜ್ಜಿನ ಮೂಲೆಯಲ್ಲಿ, ಎಲ್ಲರ ಕಣ್ಣಿಗೂ ಮರೆಯಾಗಿ ಇಡುತ್ತಿದ್ದರು. ಅದೇ ವಾರ ಸೋಯಾ ಸಾಸಿನ ಲೆಕ್ಕ ಹೊಂದುತ್ತಿರಲಿಲ್ಲ. ಧಣಿಯಾದವನ ಮನಸ್ಸು ಎತ್ತ ಓಡೀತೆಂದು ಬೇರೆ ಹೇಳಬೇಕೇ? ರಾತ್ರಿ ಎಲ್ಲರೂ ಊಟಕ್ಕೆ ಕುಳಿತಾಗ, ಎಲ್ಲರ ಎದುರಿಗೇ, “ಡಬ್ಬಿ ತೆಗೆಯಿರಿ, ನೋಡೋಣ. ಯಾರ ಮನೆಯ ಮಾಲು ಅದು?” ಎಂದು ಕೇಳಿಬಿಟ್ಟೆ.

ಅವರು ಡಬ್ಬಿಯ ಮುಚ್ಚಳ ತೆಗೆದು ನನ್ನ ಮುಂದಿಟ್ಟರು. ಎದ್ದು ಹೋಗಿ ತಮ್ಮ ಪೆಟ್ಟಿಗೆಯಿಂದ ಒಂದು ಬಾಟಲಿಯನ್ನೂ ತಂದಿಟ್ಟರು. “ಧಣಿಗಳೇ, ಬಾಟಲಿ ನನ್ನದು. ಮೀನೂ ನನ್ನ ದುಡ್ಡಿನದು. ಎಣ್ಣೆ ಮಾತ್ರ ನಿಮ್ಮದು. ಮಧ್ಯಾಹ್ನ ಬಾಣಲೆಯಲ್ಲಿ ಉಳಿದದ್ದು. ಬೇಕಾದರೆ ಪಗಾರದಲ್ಲಿ ಹಿಡಿದುಕೊಳ್ಳಿ,” ಎಂದರು. ಅಷ್ಟೇ. ಸ್ವರ ಏರಲಿಲ್ಲ. ಆ ಡಬ್ಬಿಯಲ್ಲಿದ್ದುದು ಒಬ್ಬರಿಗಾಗುವಷ್ಟಲ್ಲ. ಪಾತ್ರೆ ತಿಕ್ಕುವ ಹುಡುಗನೂ ಸೇರಿದಂತೆ ಏಳು ಮಂದಿಗೆ ತಲಾ ಎರಡೆರಡು ಬೂತಾಯಿ. ವಾರಕ್ಕೊಂದು ದಿನ ಅವರು ತಮ್ಮ ಸಂಬಳದಿಂದ ಎಲ್ಲರಿಗೂ ಮಾಡುತ್ತಿದ್ದರಂತೆ. ಸೋಯಾ ಸಾಸಿನ ಲೆಕ್ಕ ತಪ್ಪಿದ್ದು ನನ್ನ ಬರೆವಣಿಗೆಯಿಂದಲೇ ಎಂಬುದು ಮರುದಿನ ಪುಸ್ತಕ ತಿರುವಿದಾಗ ತಿಳಿಯಿತು.

ಮರುದಿನವೇ ಫ್ರಿಜ್ಜಿನ ಕೆಳಗಿನ ಅಂತಸ್ತನ್ನು ಖಾಲಿ ಮಾಡಿಸಿ, “ಇದು ನಿಮ್ಮೆಲ್ಲರ ಊಟಕ್ಕೆ” ಎಂದೆ. ತಪ್ಪಾಯಿತೆಂಬ ಮಾತು ಮಾತ್ರ ಬಾಯಿಂದ ಹೊರಡಲಿಲ್ಲ. ಧಣಿತನದ ಬಿಗುಮಾನ ಅಡ್ಡಬಂದಿತು. 2020ರ ಮಾರ್ಚ್ ತಿಂಗಳ ಲಾಕ್‌ಡೌನಿನಲ್ಲಿ ನಮ್ಮ ಬಾಗಿಲೂ ಮುಚ್ಚಿತು. ಅವರು ಊರಿಗೆ ಹೋದವರು ಹಿಂದಿರುಗಲಿಲ್ಲ. ನಾನೂ ಹೋಟೆಲನ್ನು ಪಾಲುದಾರರಿಗೆ ಬಿಟ್ಟುಕೊಟ್ಟು ಈ ಮೇಜಿನ ಮುಂದೆ ಬಂದು ಕುಳಿತೆ. ಅಂದು ಆಡದ ಮಾತನ್ನು ಇಂದು ಅಚ್ಚಿನಲ್ಲಿ ಆಡುತ್ತಿದ್ದೇನೆ. ಪತ್ರಿಕೆ ಮಲ್ಪೆಯವರೆಗೂ ತಲಪಿದರೆ ಅದು ನನ್ನ ಭಾಗ್ಯ.

ಹಡಗು ಒಂದೇ, ಬಂದರು ಎರಡು

ಈ ಪದಾರ್ಥದ ಹೆಸರಿನಲ್ಲಿಯೇ ಅದರ ಚರಿತ್ರೆ ಅಡಗಿದೆ. ‘ನಂಬಾನ್’ ಎಂದರೆ ‘ದಕ್ಷಿಣದ ಅನಾಗರಿಕರು’ ಎಂದು ಅರ್ಥ. ದಕ್ಷಿಣ ಸಮುದ್ರದ ದಾರಿಯಿಂದ ಬಂದ ಪೋರ್ಚುಗೀಸರಿಗೂ ಸ್ಪೇನಿನವರಿಗೂ ಜಪಾನೀಯರು ಇಟ್ಟ ಹೆಸರದು. ‘ಜುಕೆ’ ಎಂದರೆ ನೆನೆಯಿಟ್ಟದ್ದು. ಒಟ್ಟಿನಲ್ಲಿ, ‘ಪರಂಗಿಯವರ ರೀತಿಯಲ್ಲಿ ನೆನೆಯಿಟ್ಟದ್ದು’ ಎಂದಾಯಿತು. ಜಪಾನೀಯರ ಮನೆಮನೆಯಲ್ಲೂ ಮಾಡುವ ಈ ಅಡುಗೆ, ತಾನು ಹೊರಗಿನಿಂದ ಬಂದುದೆಂಬುದನ್ನು ಹೆಸರಿನಲ್ಲೇ ಒಪ್ಪಿಕೊಂಡಿದೆ.

ಪೋರ್ಚುಗೀಸರು ಮೊತ್ತಮೊದಲು ಜಪಾನಿನ ತಾನೆಗಾಶಿಮಾ ದ್ವೀಪವನ್ನು ಮುಟ್ಟಿದುದು 1543ರಲ್ಲಿ. ಅದಕ್ಕೆ ಮೂವತ್ತಮೂರು ವರ್ಷ ಮುಂಚೆ, 1510ರಲ್ಲಿಯೇ, ಗೋವೆ ಅವರ ಕೈಸೇರಿತ್ತು. 1534ರಲ್ಲಿ ಮುಂಬಯಿಯ ದ್ವೀಪಗಳೂ ಅವರವಾದವು. ಫ್ರಾನ್ಸಿಸ್ ಝೇವಿಯರರು 1549ರಲ್ಲಿ ಜಪಾನಿಗೆ ಹೊರಟದ್ದು ಗೋವೆಯ ಬಂದರಿನಿಂದ. 1571ರಲ್ಲಿ ನಾಗಸಾಕಿ ಬಂದರು ಅವರ ವ್ಯಾಪಾರಕ್ಕೆ ತೆರೆದ ಮೇಲೆ, ಗೋವೆಯಿಂದ ಹೊರಟ ಹಡಗು ಮಕಾವಿನ ಮಾರ್ಗವಾಗಿ ನಾಗಸಾಕಿಗೆ ಹೋಗುವ ವಾಡಿಕೆ ಬೆಳೆಯಿತು. 1639ರಲ್ಲಿ ಜಪಾನೀಯರು ಅವರನ್ನು ದೇಶದಿಂದ ಹೊರಹಾಕಿದರು. ಆದರೆ ಅವರ ಅಡುಗೆಯನ್ನು ಹೊರಹಾಕಲಿಲ್ಲ. ಇಂದು ಜಗತ್ತೆಲ್ಲ ಜಪಾನೀಯರದೆಂದು ಕೊಂಡಾಡುವ ‘ತೆಂಪುರ’ವೆಂಬ ಕರಿದ ತಿಂಡಿಯೂ, ‘ಕಸುತೆರಾ’ ಎಂಬ ಸಿಹಿ ಕೇಕೂ ಆ ಕಾಲದ ಬಳುವಳಿಗಳೇ.

ಎಣ್ಣೆಯಲ್ಲಿ ಕರಿದ ಮೀನನ್ನು ವಿನೆಗರಿನಲ್ಲಿ ನೆನೆಯಿಡುವ ವಿಧಾನಕ್ಕೆ ಪೋರ್ಚುಗೀಸರೂ ಸ್ಪೇನಿನವರೂ ‘ಎಸ್ಕಬೇಚೆ’ ಎನ್ನುತ್ತಾರೆ. ಅದೂ ಅವರ ಸ್ವಂತದ್ದಲ್ಲ. ಪಾರಸಿಯ ‘ಸಿಕ್‌ಬಾಜ್’ ಎಂಬ ಹುಳಿಯಡುಗೆ ಅರಬರ ಮೂಲಕ ಅವರಿಗೆ ಬಂದುದು. ಪಾರಸಿಯಿಂದ ಐಬೀರಿಯಕ್ಕೆ, ಅಲ್ಲಿಂದ ಗೋವೆಗೂ ನಾಗಸಾಕಿಗೂ! ಅಡುಗೆಗೆ ಪಾಸ್‌ಪೋರ್ಟಿನ ತೊಡಕಿಲ್ಲ.

ನಮ್ಮ ಪಶ್ಚಿಮ ಕರಾವಳಿಯೂ ಆ ಹಡಗುಗಳ ದಾರಿಯಲ್ಲೇ ಇದ್ದಿತು. ಹೊನ್ನಾವರ, ಬಸರೂರು, ಮಂಗಳೂರುಗಳಲ್ಲಿ ಪೋರ್ಚುಗೀಸರ ಕೋಟೆಗಳಿದ್ದುವು. ಬಸರೂರಿನ ಅಕ್ಕಿಯನ್ನು ಅವರು ಒಯ್ಯುತ್ತಿದ್ದರು. ಅಮೇರಿಕ ಖಂಡದ ಮೆಣಸಿನಕಾಯಿಯನ್ನು ನಮಗೆ ತಂದುಕೊಟ್ಟವರು ಅವರೇ. ಕಳ್ಳಿನ ವಿನೆಗರಿನಿಂದ ಮಾಂಸ, ಮೀನುಗಳನ್ನು ಅಡುವ ಪದ್ಧತಿ ಗೋವೆಯಲ್ಲೂ ಮಂಗಳೂರಿನ ಕ್ರೈಸ್ತ ಬಂಧುಗಳ ಮನೆಗಳಲ್ಲೂ ಇಂದಿಗೂ ಉಳಿದಿದೆ. ನಾವು ಕೂಡುವ ‘ಮೇಜು’, ಬೀಗದ ‘ಚಾವಿ’, ಸಾಗಿನ ‘ಬಟಾಟೆ’, ತಿಂಗಳ ಕೊನೆಗೆ ಎದುರು ನೋಡುವ ‘ಪಗಾರ’, ಇವೆಲ್ಲವೂ ಪೋರ್ಚುಗೀಸ್ ಮಾತುಗಳಿಂದ ಹುಟ್ಟಿದುವು. ಮುಂಬಯಿಯ ‘ಪಾವ್’ ಬಂದುದು ಅವರ ರೊಟ್ಟಿಯ ಹೆಸರಿನಿಂದ; ಜಪಾನೀಯರು ರೊಟ್ಟಿಗೆ ‘ಪಾನ್’ ಎನ್ನುವುದೂ ಅದೇ ಮಾತಿನಿಂದ.

ಆದುದರಿಂದ, ‘ಜಪಾನೀಯರ ಅಡುಗೆಗೆ ನಮ್ಮ ಬೆಲ್ಲ ಬೆರೆಸಬಹುದೇ?’ ಎಂದು ಯಾರಾದರೂ ಶಂಕಿಸಿದರೆ, ಬೆರೆತೇ ಹುಟ್ಟಿದ ಅಡುಗೆ ಇದು ಎಂಬುದೇ ಉತ್ತರ. ಆದರೆ ಬೆರೆಸುವುದಕ್ಕೂ ಕಲಬೆರಕೆಗೂ ಅಂತರವಿದೆ. ಯಾವ ಪದಾರ್ಥ ಯಾವ ಕೆಲಸಕ್ಕಾಗಿ ಬಿದ್ದಿದೆಯೆಂದು ತಿಳಿದು, ಅದೇ ಕೆಲಸ ಮಾಡಬಲ್ಲ ನಮ್ಮ ಪದಾರ್ಥವನ್ನು ಅದರ ಜಾಗದಲ್ಲಿ ಇಡುವುದು ಬೆರೆಸುವಿಕೆ. ತಿಳಿಯದೆ ಸುರಿಯುವುದು ಕಲಬೆರಕೆ. ನಮ್ಮ ಅಡುಗೆಯವರು ಸ್ಟೀಲಿನ ಡಬ್ಬಿಯ ಮುಂದೆ ಕುಳಿತು ನನಗೆ ಕಲಿಸಿದ ಮೊದಲ ಪಾಠ ಇದು.

ಯಾವುದರ ಬದಲು ಯಾವುದು

ಜಪಾನೀಯರು ಇದಕ್ಕೆ ‘ಆಜಿ’ ಎಂಬ ಸಣ್ಣ ಮೀನನ್ನು ಹೆಚ್ಚಾಗಿ ಬಳಸುತ್ತಾರೆ. ನಮಗೆ ಬೂತಾಯಿ ಚೆನ್ನು. ಮುಂಬಯಿಯ ಮೀನುಗಾರ್ತಿಯರು ಇದನ್ನು ತಾರ್ಲಿ ಎನ್ನುತ್ತಾರೆ. ಬಂಗುಡೆಯೂ ಆದೀತು, ಒಂದನ್ನು ಮೂರು ತುಂಡು ಮಾಡಬೇಕು. ಇಲ್ಲಿಯ ಮಾಂದೇಲಿಯನ್ನು ಇಡಿಯಾಗಿಯೇ ಹಾಕಬಹುದು. ಕೊಬ್ಬುಳ್ಳ ಅಗ್ಗದ ಮೀನೇ ಇದಕ್ಕೆ ಮೇಲು. ಹುಳಿ ಕೊಬ್ಬನ್ನು ಹದಗೊಳಿಸುತ್ತದೆ. ಪಾಂಫ್ರೆಟ್ ತಂದು ಹಣ ಕಳೆಯಬೇಕಾಗಿಲ್ಲ.

ಜಪಾನೀಯರ ಅಡುಗೆಯ ಬುಡದಲ್ಲಿ ‘ದಾಶಿ’ ಎಂಬ ಸಾರಿದೆ. ‘ಕೊಂಬು’ ಎಂಬ ಕಡಲಪಾಚಿಯಿಂದಲೂ, ಬೇಯಿಸಿ ಹೊಗೆಯಲ್ಲಿ ಒಣಗಿಸಿದ ಮೀನಿನ ಹೆರಕಲಿನಿಂದಲೂ ಅದನ್ನು ತೆಗೆಯುತ್ತಾರೆ. ಆ ಪಾಚಿಯ ರುಚಿಗೆ ಕಾರಣ ಗ್ಲುಟಾಮಿಕ್ ಆಮ್ಲವೆಂದು 1908ರಲ್ಲಿ ಕಿಕುನಾಯೆ ಇಕೇದ ಎಂಬ ರಸಾಯನಶಾಸ್ತ್ರಜ್ಞರು ಕಂಡುಹಿಡಿದು, ಆ ರುಚಿಗೆ ‘ಉಮಾಮಿ’ ಎಂದು ಹೆಸರಿಟ್ಟರು. ಅಂಥ ಒಣಮೀನು ನಮ್ಮ ಸಮುದ್ರದಲ್ಲೂ ಉಂಟು. ಲಕ್ಷದ್ವೀಪದ ಮಿನಿಕಾಯ್ ದ್ವೀಪದವರು ಬೇಯಿಸಿ, ಹೊಗೆಯಿಟ್ಟು, ಕಟ್ಟಿಗೆಯಂತೆ ಒಣಗಿಸುವ ‘ಮಾಸ್’ ಮೀನು ಅದರ ಸೋದರನೇ. ಆದರೆ ಮುಂಬಯಿಯ ಯಾವ ಒಣಮೀನಿನ ಅಂಗಡಿಯಲ್ಲೂ ಸಿಕ್ಕುವ ಒಣಸಿಗಡಿಯೇ ನಮಗೆ ಸುಲಭ. ಸಿಗಡಿ ತಿಂದರೆ ಮೈ ತುರಿಸುವವರು ಮಾತ್ರ ಇದನ್ನು ಬಿಟ್ಟು ಬರಿಯ ನೀರನ್ನೇ ಬಳಸತಕ್ಕದ್ದು.

ಅವರ ಅಕ್ಕಿಯ ವಿನೆಗರಿನ ಬದಲು ಕಳ್ಳಿನ ವಿನೆಗರು ಸಿಕ್ಕಿದರೆ ಉತ್ತಮ. ಇಲ್ಲವಾದರೆ ಅಂಗಡಿಯ ಬಿಳಿ ವಿನೆಗರು ಸಾಕು. ಅವರ ಸಕ್ಕರೆಯ ಬದಲು ಬೆಲ್ಲ. ಸೋಯಾ ಸಾಸಿಗೆ ಮಾತ್ರ ಬದಲಿಲ್ಲ. ಜಪಾನಿನಲ್ಲಿ ಅದನ್ನು ಸೋಯಾ ಕಾಳು, ಗೋಧಿ, ಉಪ್ಪು ಇವುಗಳಿಂದ, ಒಂದು ಬಗೆಯ ಬೂಷ್ಟಿನ ಸಹಾಯದಿಂದ, ತಿಂಗಳುಗಟ್ಟಲೆ ಹುದುಗಿಸಿ ತೆಗೆಯುತ್ತಾರೆ. ಇಲ್ಲಿಯ ಚೈನೀಸ್ ಅಡುಗೆಗೆ ಬಳಸುವ ದಟ್ಟ ಕಪ್ಪಿನ ಸಾಸಿಗೆ ಬಣ್ಣ ಸೇರಿರುತ್ತದೆ. ತೆಳುವಾದ ಸಾಸನ್ನು ಕೊಳ್ಳುವುದು ಮೇಲು. ದಟ್ಟವಾದುದಾದರೆ ಅಳತೆಯನ್ನು ಮೂರನೆಯ ಒಂದು ಪಾಲು ತಗ್ಗಿಸಬೇಕು.

ಬೇಕಾಗುವ ಸಾಮಾನುಗಳು (ನಾಲ್ವರಿಗೆ)

ಬೂತಾಯಿ 500 ಗ್ರಾಂ, ಅಕ್ಕಿಹಿಟ್ಟು 4 ದೊಡ್ಡ ಚಮಚ, ಉಪ್ಪು 1 ಸಣ್ಣ ಚಮಚ, ಕರಿಯಲು ಎಣ್ಣೆ. ರಸಕ್ಕೆ: ಒಣಸಿಗಡಿ 15 ಗ್ರಾಂ; ವಿನೆಗರು 100 ಮಿಲಿಲೀಟರು; ಸೋಯಾ ಸಾಸು 3 ದೊಡ್ಡ ಚಮಚ; ಪುಡಿಮಾಡಿದ ಬೆಲ್ಲ 3 ದೊಡ್ಡ ಚಮಚ; ಬ್ಯಾಡಗಿ ಮೆಣಸು 2; ಶುಂಠಿ ಒಂದು ಅಂಗುಲ. ಮೇಲಕ್ಕೆ: ಈರುಳ್ಳಿ 1, ಸಣ್ಣ ಗಜ್ಜರಿ 1, ದೊಣ್ಣೆಮೆಣಸು ಅರ್ಧ.

ಮಾಡುವ ಕ್ರಮ

ಮೊದಲು ರಸವನ್ನು ಸಿದ್ಧಪಡಿಸಬೇಕು. ಮೀನು ಎಣ್ಣೆಯಿಂದ ಏಳುವಾಗ ರಸವು ಅದಕ್ಕಾಗಿ ಕಾದಿರಬೇಕೇ ಹೊರತು, ಮೀನು ರಸಕ್ಕಾಗಿ ಕಾಯಬಾರದು. ಒಣಸಿಗಡಿಯ ತಲೆ, ಮೀಸೆಗಳನ್ನು ತೆಗೆದು, ಬರಿಯ ಕಾವಲಿಯ ಮೇಲೆ ಪರಿಮಳ ಬರುವಷ್ಟು ಹುರಿದು, 150 ಮಿಲಿಲೀಟರು ನೀರಿನಲ್ಲಿ ಸಣ್ಣ ಉರಿಯ ಮೇಲೆ ಐದು ನಿಮಿಷ ಕುದಿಸಿ ಸೋಸಿಕೊಳ್ಳಿ. ಸುಮಾರು 100 ಮಿಲಿಲೀಟರು ಸಾರು ಉಳಿಯಬೇಕು. ಅದಕ್ಕೆ ಸೋಯಾ ಸಾಸು, ಬೆಲ್ಲ, ಬೀಜ ತೆಗೆದು ಸಣ್ಣಗೆ ಕತ್ತರಿಸಿದ ಬ್ಯಾಡಗಿ ಮೆಣಸು ಸೇರಿಸಿ, ಬೆಲ್ಲ ಕರಗಿ ಒಂದು ಕುದಿ ಬರುವವರೆಗೆ ಕಾಯಿಸಿ ಇಳಿಸಿ. ಇಳಿಸಿದ ಮೇಲೆಯೇ ವಿನೆಗರು ಹಾಕತಕ್ಕದ್ದು. ಕುದಿಯುವಾಗ ಹಾಕಿದರೆ ಹುಳಿಯ ಘಮವೆಲ್ಲ ಆವಿಯಾಗಿ ಹೋಗುತ್ತದೆ. ಎಳೆಯೆಳೆಯಾಗಿ ಹೆಚ್ಚಿದ ಈರುಳ್ಳಿ, ಬೆಂಕಿಕಡ್ಡಿಯಂತೆ ಸಣ್ಣಗೆ ಸೀಳಿದ ಗಜ್ಜರಿ, ದೊಣ್ಣೆಮೆಣಸು, ಶುಂಠಿ ಇವನ್ನು ಆ ಬಿಸಿರಸಕ್ಕೆ ಸೇರಿಸಿ ಬದಿಗಿಡಿ. ಪಾತ್ರೆ ಗಾಜಿನದಾಗಲಿ, ಪಿಂಗಾಣಿಯದಾಗಲಿ, ಸ್ಟೀಲಿನದಾಗಲಿ ಆಗಬಹುದು. ಅಲ್ಯೂಮಿನಿಯಮ್, ಹಿತ್ತಾಳೆ, ತಾಮ್ರಗಳು ಸಲ್ಲವು. ಹುಳಿಯು ಲೋಹವನ್ನು ತಿನ್ನುತ್ತದೆ.

ಇನ್ನು ಮೀನು. ಹುರುಪೆ ಹೆರೆದು, ತಲೆ ಕತ್ತರಿಸಿ, ಹೊಟ್ಟೆಯನ್ನು ಚೊಕ್ಕಟ ಮಾಡಿ ತೊಳೆಯಿರಿ. ಬಳಿಕ ಉಪ್ಪು ಸವರಿ ಹದಿನೈದು ನಿಮಿಷ ಬಿಡಿ. ಮೈಮೇಲೆ ನೀರಿನ ಹನಿಗಳು ಮೂಡುತ್ತವೆ. ಮೀನಿನ ಮುಗ್ಗಲು ವಾಸನೆ ಬಹುಮಟ್ಟಿಗೆ ಹೋಗುವುದು ಆ ನೀರಿನೊಡನೆಯೇ. ಅದನ್ನು ಶುಭ್ರವಾದ ಬಟ್ಟೆಯಿಂದಲೋ ಕಾಗದದಿಂದಲೋ ಚೆನ್ನಾಗಿ ಒತ್ತಿ ಒರಸಿ, ಮತ್ತೆ ತೊಳೆಯಬೇಡಿ. ನಾವು ವಾಸನೆಯನ್ನು ಮಸಾಲೆಯಿಂದ ಮುಚ್ಚುತ್ತೇವೆ. ಅವರು ಉಪ್ಪಿನಿಂದ ಹೊರಗೆಳೆಯುತ್ತಾರೆ. ಎರಡೂ ವಿದ್ಯೆಯೇ. ಆದರೆ ಮಸಾಲೆ ಅರೆಯಲು ಹೊತ್ತಿಲ್ಲದವನಿಗೆ ಎರಡನೆಯದು ಹೆಚ್ಚು ಅನುಕೂಲ.

ಒರಸಿದ ಮೀನನ್ನು ಅಕ್ಕಿಹಿಟ್ಟಿನಲ್ಲಿ ಹೊರಳಿಸಿ, ಹೆಚ್ಚಾದ ಹಿಟ್ಟನ್ನು ಕೊಡವಿ. ಎಣ್ಣೆ 170 ಡಿಗ್ರಿಯಷ್ಟು ಕಾಯಬೇಕು. ಅಳೆಯುವ ಉಪಕರಣ ಯಾರ ಕೋಣೆಯಲ್ಲಿದೆ? ಕಲಸಿದ ಹಿಟ್ಟಿನ ಒಂದು ಹನಿಯನ್ನು ಬಿಟ್ಟಾಗ ಅದು ಎಣ್ಣೆಯ ನಡುವಿನವರೆಗೆ ಇಳಿದು ಕೂಡಲೇ ಮೇಲೆದ್ದರೆ ಹದ ಸರಿಯಾಯಿತೆಂದು ತಿಳಿಯಿರಿ. ನಾಲ್ಕೈದು ಮೀನುಗಳಂತೆ ಬಿಟ್ಟು, ನಾಲ್ಕೈದು ನಿಮಿಷ ಕರಿದು ತೆಗೆಯಿರಿ. ಎಲ್ಲವೂ ಆದ ಬಳಿಕ ಉರಿಯನ್ನು ಸ್ವಲ್ಪ ಏರಿಸಿ, ಮತ್ತೊಮ್ಮೆ ಒಂದೊಂದು ನಿಮಿಷ ಕರಿಯಿರಿ. ಈ ಎರಡನೆಯ ಕರಿಯುವಿಕೆಯಿಂದ ಸಣ್ಣ ಮುಳ್ಳುಗಳು ಗರಿಗರಿಯಾಗುತ್ತವೆ. ಮುಂದೆ ಹುಳಿಯಲ್ಲಿ ನೆನೆದು ಮೆತ್ತಗಾಗುತ್ತವೆ. ಬೂತಾಯಿಯ ಮುಳ್ಳಿಗೆ ಹೆದರುವವರಿಗೆ ಇದೊಂದು ಶುಭವಾರ್ತೆ.

ಎಣ್ಣೆಯಿಂದ ತೆಗೆದ ಮೀನನ್ನು ಆ ಕ್ಷಣವೇ, ಚುರುಗುಟ್ಟುವಂತೆಯೇ, ರಸಕ್ಕೆ ಹಾಕಬೇಕು. ಈ ಪದಾರ್ಥದ ಗುಟ್ಟೆಲ್ಲ ಇಲ್ಲಿದೆ. “ಬಿಸಿ ಮೀನು ಬಾಯಾರಿದವನ ಹಾಗೆ, ಧಣಿಗಳೇ. ತಣಿಯುತ್ತ ತಣಿಯುತ್ತ ಕುಡಿಯುತ್ತದೆ. ಆರಿದ ಮೇಲೆ ಹಾಕಿದರೆ ಬರಿದೆ ಮೈ ತೊಳೆದುಕೊಳ್ಳುತ್ತದೆ,” ಎಂದು ನಮ್ಮ ಅಡುಗೆಯವರು ಹೇಳುತ್ತಿದ್ದರು. ತರಕಾರಿಯನ್ನು ಮೀನಿನ ಮೇಲೆ ಹರವಿ, ಅರ್ಧ ಗಂಟೆಗೊಮ್ಮೆ ಮಗುಚಿ. ಒಂದು ಗಂಟೆಗೆ ತಿನ್ನಲು ಯೋಗ್ಯವಾಗುತ್ತದೆ. ಆರು ಗಂಟೆಗೆ ರುಚಿ ಕೂಡುತ್ತದೆ. ಮರುದಿನ ಅದೇ ಮೀನೇ ಎಂದು ಸಂಶಯವಾಗುವಷ್ಟು ಸೊಗಸಾಗುತ್ತದೆ.

ಅರಸಿನ, ಗರಂ ಮಸಾಲೆ, ಕರಿಬೇವಿನ ಒಗ್ಗರಣೆ ಇವುಗಳನ್ನು ಸೇರಿಸಲು ನಮ್ಮವರ ಕೈ ತುರಿಸುವುದು ಸಹಜ. ಮೊದಲ ಸಲವಾದರೂ ತಡೆದುಕೊಳ್ಳಿ. ಜೊತೆಗೆ ಕುಚ್ಚಲಕ್ಕಿಯ ಅನ್ನ ಹಿತವಾಗುತ್ತದೆ. ಅನ್ನವಿಲ್ಲದಿದ್ದರೆ ಎರಡು ಪಾವ್ ಸಾಕು. ಗೋವೆಯ ಹಡಗಿನ ಸರಕೆಲ್ಲ ಒಂದೇ ತಟ್ಟೆಯಲ್ಲಿ ಕೂಡಿದಂತಾಗುತ್ತದೆ. ಶಾಕಾಹಾರಿಗಳು ಒಣಸಿಗಡಿಯ ಸಾರನ್ನು ಬಿಟ್ಟು, ಮೀನಿನ ಬದಲು ಬದನೆಯ ಹೋಳುಗಳನ್ನು ಕರಿದು ಹಾಕಬಹುದು. ಜಪಾನಿನಲ್ಲೂ ಬದನೆಯಿಂದ ಇದನ್ನು ಮಾಡುವುದುಂಟು.

ಎಚ್ಚರಿಕೆಯ ಎರಡು ಮಾತು

ಮೊದಲನೆಯದು ಮೀನನ್ನು ಕೊಳ್ಳುವಾಗ. ಬೂತಾಯಿ, ಬಂಗುಡೆಗಳ ಮಾಂಸದಲ್ಲಿ ಹಿಸ್ಟಿಡಿನ್ ಎಂಬ ವಸ್ತು ಹೆಚ್ಚಾಗಿದೆ. ಹಿಡಿದ ಮೀನನ್ನು ಮಂಜುಗಡ್ಡೆಯಿಲ್ಲದೆ ಬಿಸಿಲಲ್ಲಿ ಇಟ್ಟರೆ, ರೋಗಾಣುಗಳು ಅದನ್ನು ಹಿಸ್ಟಮಿನ್ ಎಂಬ ವಿಷವಸ್ತುವಾಗಿ ಮಾರ್ಪಡಿಸುತ್ತವೆ. ಒಮ್ಮೆ ಹುಟ್ಟಿದ ಹಿಸ್ಟಮಿನ್ ಬೇಯಿಸಿದರೂ, ಕರಿದರೂ, ಹುಳಿಯಲ್ಲಿಟ್ಟರೂ ಹೋಗದು. ತಿಂದವನ ಮುಖ ಕೆಂಪೇರಿ, ತಲೆ ಸಿಡಿದು, ಮೈಮೇಲೆ ದದ್ದುಗಳೇಳುತ್ತವೆ. ಆದಕಾರಣ, ಸಂಜೆ ಅಗ್ಗಕ್ಕೆ ಸಿಕ್ಕಿತೆಂದು ಮೆತ್ತಗಾದ ಮೀನನ್ನು ಕೊಳ್ಳಬಾರದು. ಕಣ್ಣು ತಿಳಿಯಾಗಿರಬೇಕು, ಕಿವಿರು ಕೆಂಪಾಗಿರಬೇಕು, ಬೆರಳಿನಿಂದ ಒತ್ತಿದರೆ ಮಾಂಸ ಪುಟಿದು ಮೇಲೇಳಬೇಕು, ಹೊಟ್ಟೆ ಒಡೆದಿರಬಾರದು. ಮಳೆಗಾಲದಲ್ಲಿ ಪಶ್ಚಿಮ ಕರಾವಳಿಯಲ್ಲಿ ಯಾಂತ್ರಿಕ ಮೀನುಗಾರಿಕೆಗೆ ನಿಷೇಧವಿರುವ ವಾರಗಳಲ್ಲಂತೂ ಇಮ್ಮಡಿ ಎಚ್ಚರ ಬೇಕು.

ಎರಡನೆಯದು ಮಾಡಿಟ್ಟ ಮೇಲೆ. ಇದರಲ್ಲಿ ಹುಳಿಯಿದ್ದರೂ ಇದು ಉಪ್ಪಿನಕಾಯಿಯಲ್ಲ. ವಿನೆಗರಿನಷ್ಟೇ ಸಾರೂ ಬೆರೆತಿದೆ. ಮುಂಬಯಿ, ಚೆನ್ನೈಗಳ ಸೆಕೆಯಲ್ಲಿ ರಾತ್ರಿಯವರೆಗೆ ಹೊರಗಿಡುವುದು ಸರ್ವಥಾ ಸಲ್ಲದು. ಬಿಸಿಯಾರಿದ ಕೂಡಲೇ, ಹೆಚ್ಚೆಂದರೆ ಒಂದು ಗಂಟೆಯೊಳಗೆ, ಮುಚ್ಚಿ ಫ್ರಿಜ್ಜಿನಲ್ಲಿಡಬೇಕು. ಅಲ್ಲಿ ಎರಡು ದಿನ ನಿಶ್ಚಿಂತೆಯಾಗಿ ಇರುತ್ತದೆ. ಫ್ರಿಜ್ಜಿಲ್ಲದ ಕೋಣೆಯವರು ರಜೆಯ ದಿನ ಮಾಡಿ, ಒಂದು ಗಂಟೆ ನೆನೆದೊಡನೆಯೇ ತಿಂದು ಮುಗಿಸತಕ್ಕದ್ದು.

ಧಣಿಗಳಲ್ಲಿ ಒಂದು ಬಿನ್ನಹ

ಇಲ್ಲಿಗೆ ಅಡುಗೆಯ ಮಾತು ಮುಗಿಯಿತು. ಆದರೆ ಫ್ರಿಜ್ಜಿನ ಮಾತು ಬಂದುದರಿಂದ, ನನ್ನಂತೆಯೇ ಗಲ್ಲಾದ ಹಿಂದೆ ಕುಳಿತ ಬಂಧುಗಳಿಗೆ ಒಂದು ಸಂಗತಿ ಹೇಳದೆ ಮುಗಿಸಲಾರೆ.

ಜಪಾನಿನ ಕ್ಯೂಶೂ ದ್ವೀಪದ ಮಿಯಾಜಾಕಿ ಪ್ರಾಂತ್ಯದಲ್ಲಿ ನೊಬೆಯೊಕಾ ಎಂಬ ಊರಿದೆ. ‘ಚಿಕನ್ ನಂಬಾನ್’ ಎಂಬ ಪದಾರ್ಥ ಹುಟ್ಟಿದುದು ಅಲ್ಲಿ. ಇದೇ ನಂಬಾನ್ ಹುಳಿಸಿಹಿಯಲ್ಲಿ ಕರಿದ ಕೋಳಿಯನ್ನು ಅದ್ದಿ ಮಾಡುವ ಅದು ಇಂದು ಜಪಾನಿನಲ್ಲೆಲ್ಲ ಪ್ರಸಿದ್ಧ. ಸುಮಾರು ಎಪ್ಪತ್ತು ವರ್ಷಗಳ ಹಿಂದೆ ಅಲ್ಲಿಯ ಹೋಟೆಲೊಂದರಲ್ಲಿ ಕೆಲಸಗಾರರು ತಮ್ಮ ಊಟಕ್ಕೆಂದು ಮಾಡಿಕೊಂಡದ್ದೇ ಅದರ ಮೂಲವೆಂದು ಹೇಳುತ್ತಾರೆ. ಹೋಟೆಲಿನವರ ಒಳಗಿನ ಊಟಕ್ಕೆ ಜಪಾನೀ ಭಾಷೆಯಲ್ಲಿ ‘ಮಕನೈ’ ಎಂದು ಬೇರೆಯೇ ಹೆಸರುಂಟು. ಹೊಸಬ ಅಡುಗೆಯವನು ಕೈ ಪಳಗಿಸಿಕೊಳ್ಳುವುದು, ಹಿರಿಯರು ಅವನ ಹದವನ್ನು ಪರೀಕ್ಷಿಸುವುದು ಅನೇಕ ಕಡೆ ಆ ಊಟದಲ್ಲಿಯೇ.

ನಮ್ಮ ಹೋಟೆಲುಗಳಲ್ಲಿ ಒಳಗಿನ ಊಟಕ್ಕೆ ಹೆಸರೇ ಇಲ್ಲ. ‘ಉಳಿದದ್ದು’ ಎಂಬುದೇ ಅದರ ಹೆಸರು. ನನ್ನ ಹೋಟೆಲಿನಲ್ಲೂ ಹಾಗೆಯೇ ಇತ್ತು. ಆರು ವರ್ಷ ಕಲಿತ ವಿದ್ಯೆಯನ್ನು ಒಬ್ಬ ಮನುಷ್ಯ ನನ್ನ ಸೂರಿನಡಿಯಲ್ಲೇ ಸ್ಟೀಲಿನ ಡಬ್ಬಿಯಲ್ಲಿ ಬಚ್ಚಿಡಬೇಕಾಗಿ ಬಂದಿತು. ಅದನ್ನು ಕಂಡಾಗ ನಾನು ಬಾಟಲಿಯನ್ನು ಎಣಿಸಿದೆ. ಆ ತಪ್ಪು ನಿಮ್ಮಿಂದ ಆಗದಿರಲಿ. ಮಧ್ಯಾಹ್ನದ ಬಿಡುವಿನಲ್ಲಿ ಅರ್ಧ ಗಂಟೆ ಒಂದು ಒಲೆ, ಫ್ರಿಜ್ಜಿನಲ್ಲಿ ಒಂದು ಅಂತಸ್ತು, ವಾರಕ್ಕೊಮ್ಮೆ ಒಂದೆರಡು ಕಿಲೋ ಬೂತಾಯಿಯ ಖರ್ಚು, ಇಷ್ಟನ್ನು ನಿಮ್ಮ ಜನರಿಗೆ ಬಿಟ್ಟುಕೊಡಿ. ಇದರಿಂದ ಯಾವ ಹೋಟೆಲೂ ದಿವಾಳಿಯಾಗದು.

ಇನ್ನು ಅಡುಗೆಮನೆಯ ತಮ್ಮಂದಿರೇ, ಕೋಣೆಯಲ್ಲಿ ನಾಲ್ವರು ಕೂಡಿ ಉಣ್ಣುವ ಗುಮಾಸ್ತ ಮಿತ್ರರೇ, ನಿಮಗೂ ಒಂದು ಮಾತು. ವಾರದಲ್ಲಿ ಒಂದು ದಿನವಾದರೂ ನಿಮ್ಮ ಊಟವನ್ನು ನೀವೇ ಮುಂಚಿತವಾಗಿ ಯೋಚಿಸಿ ಮಾಡಿಡಿ. ರಾತ್ರಿ ಹನ್ನೆರಡಕ್ಕೆ ಕಾಲೆಳೆದುಕೊಂಡು ಬಂದು ಡಬ್ಬಿಯ ಮುಚ್ಚಳ ತೆಗೆದಾಗ, ಹುಳಿಯೂ ಶುಂಠಿಯೂ ಬೆರೆತ ತಣ್ಣನೆಯ ಪರಿಮಳ ಮೂಗಿಗೆ ತಾಕಲಿ. ಊರು ಬಿಟ್ಟು ಬಂದವನಿಗೂ ಈ ಮಹಾನಗರದಲ್ಲಿ ತನ್ನದೆಂದು ಒಂದು ಊಟ ಕಾದಿರಲಿ.